ನಿಕಾಹದ ಒಪ್ಪಿಗೆಯೂ ಇಂದಿನ ಮುಸ್ಲಿಂ ಕುಟುಂಬವೂ

ಕನ್ಯೆಯು ಕಾಲೇಜು ಶಿಕ್ಷಣವನ್ನು ಮುಗಿಸಿ ಉದ್ಯೋಗದಲ್ಲಿರುವಳು. ಅವಳ ಮನಸ್ಸಿಗೊಪ್ಪಿದ ವರನೂ ಮುಸಲ್ಮಾನನೇ. ಆದರೆ ವರನ ಮನೆಯವರು ಘೋಷಾ ಪದ್ಧತಿಯವರು. ಸೊಸೆಯಾಗಿ ಬರುವವಳು ಉದ್ಯೋಗವನ್ನು ಬಿಡಲೇಬೇಕೆಂಬುದು ಅವರ ಹಟ. ಇಂತಹ ಪ್ರಸಂಗಗಳು ನಮ್ಮ ಪಟ್ಟಣಗಳಲ್ಲಿ ಅಪರೂಪವಲ್ಲ. ಇದನ್ನು ಧರ್ಮಕ್ಕೂ ನವೀನತೆಗೂ ಒದಗಿದ ಕಲಹವೆಂದು ಉಭಯ ಪಕ್ಷದವರೂ ಭಾವಿಸುವರು. ಈ ಭಾವನೆಯು ಎಷ್ಟರಮಟ್ಟಿಗೆ ಯಥಾರ್ಥವೆಂಬುದನ್ನು ವಿಚಾರಿಸುವುದು ಅವಶ್ಯ.

ಇಸ್ಲಾಮೀ ಶಾಸ್ತ್ರದಲ್ಲಿ ನಿಕಾಹವೆಂಬುದು ಒಂದು ಕರಾರು. ಒಬ್ಬರ ಪ್ರಸ್ತಾಪ, ಇನ್ನೊಬ್ಬರ ಸ್ವೀಕಾರ, ಸಾಕ್ಷಿಗಳ ಸಮಕ್ಷತೆ ಇವು ಅದರ ಅಂಗಗಳು. ಮಹರ್ ವಧುವಿನ ಸ್ವಂತ ಸ್ವತ್ತೇ ಹೊರತು ತಂದೆಯದಲ್ಲ. ಖನ್ಸಾ ಎಂಬಾಕೆಯನ್ನು ತಂದೆಯು ಅವಳ ಇಚ್ಛೆಗೆ ವಿರುದ್ಧವಾಗಿ ವಿವಾಹ ಮಾಡಿಕೊಡಲು, ಪ್ರವಾದಿಗಳು ಆ ವಿವಾಹವನ್ನು ರದ್ದುಪಡಿಸಿದರೆಂದು ಬುಖಾರಿಯವರ ಹದೀಸ್ ಸಂಗ್ರಹವು ಹೇಳುತ್ತದೆ. ಪ್ರಾಪ್ತವಯಸ್ಕಳು ತಾನೇ ವಿವಾಹಕ್ಕೆ ಒಪ್ಪಿಗೆ ಕೊಡಬಲ್ಲಳೆಂಬುದು ಹನಫೀ ಪಂಥದ ಮತ. ನಮ್ಮ ಕರಾವಳಿಯ ಬ್ಯಾರಿ ಜನರು ಅನುಸರಿಸುವ ಶಾಫಿಈ ಪಂಥದಲ್ಲಿ ವಲಿಯಿಲ್ಲದೆ ವಿವಾಹವು ಸಿಂಧುವಾಗದು. ಅಲ್ಲಿ ತಂದೆಯ ಹೊಣೆಯು ಮತ್ತಷ್ಟು ಗುರುತರವಾದುದು.

ಕರಾರೆಂದ ಮೇಲೆ ಷರತ್ತುಗಳಿಗೂ ಎಡೆಯುಂಟು. ವಿವಾಹವಿಚ್ಛೇದದ ಅಧಿಕಾರವನ್ನು ಗೊತ್ತಾದ ಸಂದರ್ಭಗಳಲ್ಲಿ ಪತ್ನಿಗೆ ವಹಿಸಿಕೊಡುವ 'ತಲಾಕೆ ತಫ್ವೀಜ್' ಎಂಬ ಕ್ರಮವು ಹಳೆಯ ಶಾಸ್ತ್ರದಲ್ಲಿಯೇ ಇದೆ. ಅದನ್ನು ನಿಕಾಹ್‌ನಾಮೆಯಲ್ಲಿ ಬರೆಯಿಸಲು ಸಂಕೋಚಪಡುವವರು ಶಾಸ್ತ್ರಕ್ಕೆ ಅಂಜುವವರಲ್ಲ, ನೆರೆಹೊರೆಯವರ ಮಾತಿಗೆ ಅಂಜುವವರು.

ಇತಿಹಾಸವೂ ಇದನ್ನೇ ಸಾರುತ್ತದೆ. ಪತಿಯು ಕಣ್ಮರೆಯಾದರೂ ಅನ್ನವಸ್ತ್ರವನ್ನು ಕೊಡದೆ ತೊರೆದರೂ ಹನಫೀ ಸ್ತ್ರೀಯರಿಗೆ ಬಿಡುಗಡೆಯ ದಾರಿಯಿಲ್ಲದೆ, ಪಂಜಾಬಿನಲ್ಲಿ ಕೆಲವರು ಮತವನ್ನೇ ತ್ಯಜಿಸಿದರು. ಆಗ ಸಂಪ್ರದಾಯನಿಷ್ಠರಲ್ಲಿ ಅಗ್ರಗಣ್ಯರಾದ ಮೌಲಾನಾ ಅಶ್ರಫ್ ಅಲಿ ಥಾನವೀಯವರೇ ಮಾಲಿಕೀ ಪಂಥದ ವಿಧಿಗಳನ್ನು ಸ್ವೀಕರಿಸಬಹುದೆಂದು ಗ್ರಂಥವನ್ನು ರಚಿಸಿದರು. ಮುಹಮ್ಮದ್ ಅಹ್ಮದ್ ಕಾಜ್ಮಿಯವರು ಕೇಂದ್ರ ಶಾಸನಸಭೆಯಲ್ಲಿ ಮಸೂದೆಯನ್ನು ಮಂಡಿಸಿದರು. ಪರಿಣಾಮವಾಗಿ ೧೯೩೯ರ ಮುಸ್ಲಿಂ ವಿವಾಹವಿಚ್ಛೇದ ಕಾನೂನು ಹುಟ್ಟಿತು. ಪತಿಯು ೪ ವರ್ಷ ನಾಪತ್ತೆಯಾದರೆ, ೨ ವರ್ಷ ಪೋಷಣೆ ಮಾಡದಿದ್ದರೆ ಪತ್ನಿಯು ನ್ಯಾಯಾಲಯಕ್ಕೆ ಹೋಗಬಹುದಾಯಿತು. ಮೌಲವಿಯೂ ಶಾಸಕನೂ ಕೂಡಿ ಮಾಡಿದ ಕಾರ್ಯವಿದು.

ಮುಂದೆ ೨೦೧೭ರಲ್ಲಿ ಸುಪ್ರೀಂ ಕೋರ್ಟು ಒಂದೇ ಉಸಿರಿನ ಮೂರು ತಲಾಕನ್ನು ಬಹುಮತದಿಂದ ತಳ್ಳಿಹಾಕಿತು; ೨೦೧೯ರ ಕಾನೂನು ಅದನ್ನು ದಂಡನೀಯ ಅಪರಾಧವನ್ನಾಗಿಸಿತು. ಆದರೆ ಕಾನೂನು ವಿವಾಹವನ್ನು ಮುರಿಯುವ ಅನ್ಯಾಯವನ್ನು ತಡೆಯಬಲ್ಲುದೇ ಹೊರತು ದಾಂಪತ್ಯದಲ್ಲಿ ಪ್ರೇಮವನ್ನು ನೆಡಲಾರದು. ಪರಸ್ಪರ ಒಲಿದ ದಂಪತಿಗಳನ್ನು ಹಿರಿಯನೊಬ್ಬನ ಹಟವು ಹೇಗೆ ಅಗಲಿಸಬಲ್ಲುದೆಂಬುದನ್ನು ಸಾರಾ ಅಬೂಬಕ್ಕರ್ ಅವರ 'ಚಂದ್ರಗಿರಿಯ ತೀರದಲ್ಲಿ' ಕಾದಂಬರಿಯನ್ನೋದಿದ ಕನ್ನಡಿಗರು ಬಲ್ಲರು.

ಆದುದರಿಂದ ತಂದೆತಾಯಿಗಳಲ್ಲಿ ನಮ್ಮ ವಿಜ್ಞಾಪನೆಯಿಷ್ಟೆ: ಉದ್ಯೋಗ, ವಾಸಸ್ಥಳ, ಮಹರಿನ ಮೊತ್ತ ಇವುಗಳನ್ನು ನಿಕಾಹಕ್ಕೆ ಮೊದಲೇ ವಧೂವರರ ಎದುರಿನಲ್ಲಿ ನಿಶ್ಚಯಿಸಿ ಬರೆಯಿಸಿರಿ. ಯುವಕಯುವತಿಯರೂ ಹಿರಿಯರ ಆಚಾರವನ್ನೆಲ್ಲ ಅಜ್ಞಾನವೆಂದು ಹಳಿಯದಿರಲಿ. ಕನ್ಯೆಯ ಮೌನವನ್ನೇ ಒಪ್ಪಿಗೆಯೆಂದು ಎಣಿಸುವ ರೂಢಿಯುಂಟು. ಆ ಮೌನವು ಲಜ್ಜೆಯದೋ ಭಯದ್ದೋ ಎಂದು ವಿಚಾರಿಸುವುದು ಸಾಕ್ಷಿಗಳ ಮೊದಲನೆಯ ಕರ್ತವ್ಯವಲ್ಲವೆ?