ಬೇಸ್‌ಬಾಲಿನ ಏಳು ಪಂದ್ಯಗಳು

ಅಮೆರಿಕಾ ಸಂಯುಕ್ತ ಸಂಸ್ಥಾನಗಳ ಬೇಸ್‌ಬಾಲ್ ಆಟದಲ್ಲಿ ವರ್ಷದ ಕಡೆಯ ಸ್ಪರ್ಧೆಗೆ ‘ವರ್ಲ್ಡ್ ಸೀರೀಸ್’ ಎಂದು ಹೆಸರು. ನ್ಯಾಷನಲ್, ಅಮೆರಿಕನ್ ಎಂಬ ಎರಡು ಲೀಗುಗಳಲ್ಲಿ ಗೆದ್ದುಬಂದ ತಂಡಗಳು ಇಲ್ಲಿ ಎದುರಾಗುವುವು. ಹೆಚ್ಚೆಂದರೆ ಏಳು ಪಂದ್ಯಗಳು. ನಾಲ್ಕನ್ನು ಮೊದಲು ಗೆದ್ದ ತಂಡವೇ ವಿಜಯಿ, ಉಳಿದುವನ್ನು ಆಡುವ ಪ್ರಮೇಯವಿಲ್ಲ. ಮೊದಲೆರಡು ಪಂದ್ಯಗಳು ಒಂದು ತಂಡದ ಊರಿನಲ್ಲಿ, ನಡುವಣ ಮೂರು ಎದುರಾಳಿಯ ಊರಿನಲ್ಲಿ, ಕಡೆಯೆರಡು ಮರಳಿ ಮೊದಲಿನ ಊರಿನಲ್ಲಿ ನಡೆಯತಕ್ಕವು. 2017ರಿಂದೀಚೆಗೆ ಈ ಅನುಕೂಲವು ಆ ಋತುವಿನಲ್ಲಿ ಹೆಚ್ಚು ಜಯ ಪಡೆದ ತಂಡಕ್ಕೆ ಸಲ್ಲುತ್ತದೆ.

ಒಂದೇ ಪಂದ್ಯ ಸಾಲದೇ ಎಂದು ನಾವು ಕೇಳಬಹುದು. ಚೆಂಡೆಸೆಯುವವನೊಬ್ಬನ ಕೈಚಳಕದಿಂದಲೇ ಆ ದಿನದ ಆಟವೆಲ್ಲ ತಿರುಗಬಲ್ಲುದು. ಅವನಾದರೋ ಬಳಿಕ ಕೆಲವು ದಿನ ತೋಳಿಗೆ ವಿಶ್ರಾಂತಿ ಕೊಡಲೇಬೇಕು. ಪಂದ್ಯಗಳು ಹೆಚ್ಚಿದಷ್ಟೂ ಇಡೀ ತಂಡದ ಸತ್ತ್ವವು ಪರೀಕ್ಷೆಗೆ ಬರುವುದು. 1903ರ ಮೊದಲ ಸರಣಿಗೆ ಒಂಬತ್ತು ಪಂದ್ಯಗಳನ್ನೇ ಗೊತ್ತುಮಾಡಿದ್ದರು.

ಆದರೂ ಅದೃಷ್ಟದ ಪಾಲು ಉಂಟಷ್ಟೆ! 1906ರ ಋತುವಿನಲ್ಲಿ ಷಿಕಾಗೋ ಕಬ್ಸ್ ತಂಡವು 116 ಪಂದ್ಯಗಳನ್ನು ಗೆದ್ದು, 36ರಲ್ಲಿ ಮಾತ್ರ ಸೋತಿತ್ತು. ಅದೇ ಊರಿನ ವೈಟ್ ಸಾಕ್ಸ್ ತಂಡವು ಆರನೆಯ ಪಂದ್ಯಕ್ಕೇ ಅದನ್ನು ಮಣಿಸಿತು. 2022ರಿಂದ ಹನ್ನೆರಡು ತಂಡಗಳಿಗೆ ಅಂತಿಮ ಸುತ್ತುಗಳಿಗೆ ಪ್ರವೇಶವುಂಟು. ಅವುಗಳಲ್ಲಿ ಎಂಟು ತಂಡಗಳು ಹಾಯಬೇಕಾದ ಮೊದಲ ಸುತ್ತು ಮೂರೇ ಪಂದ್ಯಗಳದು. 162 ಪಂದ್ಯಗಳ ದುಡಿಮೆಯು ಎರಡು ದಿನಗಳ ಸೋಲಿನಿಂದ ವ್ಯರ್ಥವಾಗಬಹುದಾದ ಈ ಏರ್ಪಾಡು ನಮಗೇನೋ ಅಷ್ಟಾಗಿ ಒಪ್ಪಿಗೆಯಾಗದು.