ಸೀಳುನಾಯಿಯ ಸಂಸಾರ

ಅಮೆರಿಕದ ಹುಲ್ಲುಗಾವಲಿನ ‘ಪ್ರೇರಿ ನಾಯಿ’ಯ ಚಿತ್ರವನ್ನು ತರಗತಿಯಲ್ಲಿ ತೋರಿಸಿದಾಗ ಮಕ್ಕಳು ನಕ್ಕರು. ಅದು ನಾಯಿಯೇ ಅಲ್ಲ. ಬಿಲ ತೋಡಿ ಕುಟುಂಬವಾಗಿ ಬಾಳುವ, ಅಳಿಲಿನ ಬಳಗದ ಪ್ರಾಣಿ. ಬೊಗಳಿದಂತೆ ಕೂಗಿ ಬಂಧುಗಳನ್ನು ಎಚ್ಚರಿಸುವುದರಿಂದ ಆ ಹೆಸರು ಬಂದಿತು. ನಮ್ಮ ಗೋವೆಯ ಕಾಡಿನಲ್ಲಿಯೂ ಹೀಗೆ ಕೂಡಿ ಬಾಳುವ ಪ್ರಾಣಿಯುಂಟೇ ಎಂದು ಹುಡುಗಿಯೊಬ್ಬಳು ಕೇಳಿದಳು.

ಉಂಟು. ಅದು ನಿಜವಾಗಿಯೂ ನಾಯಿಯ ಕುಲದ್ದು. ಆದರೆ ಬೊಗಳುವುದಕ್ಕಿಂತ ಸಿಳ್ಳು ಹಾಕುವುದೇ ಹೆಚ್ಚು. ಕನ್ನಡದಲ್ಲಿ ಸೀಳುನಾಯಿ, ಮರಾಠಿಯಲ್ಲಿ ಕೋಳಸುಂದ. ಕೆಂಗಂದು ಮೈ, ಕಪ್ಪಾದ ಪೊದೆಬಾಲ, ತೂಕ 20 ಕಿಲೋಗ್ರಾಮಿನ ಆಸುಪಾಸು. ದಟ್ಟವಾದ ಪೊದೆಗಳಲ್ಲಿ ಚದುರಿಹೋದ ಬಳಗವು ಸಿಳ್ಳಿನಿಂದಲೇ ಮತ್ತೆ ಒಂದುಗೂಡುತ್ತದೆ. ಮೊಲ್ಲೆಂ ಮತ್ತು ಮಹದಾಯಿ ಕಾಡುಗಳಲ್ಲಿ ಇವು ಇವೆ. ಘಟ್ಟವೇರಿದರೆ ಭೀಮಗಡ, ದಾಂಡೇಲಿ, ಅಣಶಿಗಳಲ್ಲಿಯೂ ಇವೆ. ಕಾಡು ಒಂದೇ, ಎರಡು ರಾಜ್ಯಗಳೆಂಬುದು ನಮ್ಮ ಲೆಕ್ಕ.

ಬಂಡೀಪುರದಲ್ಲಿ ಜಾನ್‌ಸಿಂಗ್ ಅವರು 1976ರಿಂದ 1978ರವರೆಗೆ ಇವುಗಳ ಬೆನ್ನುಹತ್ತಿ ಅಧ್ಯಯನ ಮಾಡಿದರು. ಸಾಮಾನ್ಯವಾಗಿ ಬಳಗದಲ್ಲಿ ಒಂದು ಜೋಡಿಯೇ ಮರಿಹಾಕುತ್ತದೆ. ಸಾಕುವ ಭಾರ ಮಾತ್ರ ಎಲ್ಲರದು. ಬೇಟೆಯಿಂದ ಮರಳಿದವು ತಾಯಿಗೂ ಮರಿಗಳಿಗೂ ಮಾಂಸವನ್ನು ಕಕ್ಕಿ ಉಣಿಸುತ್ತವೆ. ಮರಿಗಳು ಬೇಟೆಯ ಸ್ಥಳಕ್ಕೆ ಬರುವಷ್ಟಾದ ಮೇಲೆ ಮೊದಲ ತುತ್ತು ಅವುಗಳದ್ದೇ, ಹಿರಿಯವು ಬದಿಗೆ ಸರಿಯುತ್ತವೆ. ನಮ್ಮ ಮದುವೆಮನೆಯ ಪಂಕ್ತಿಗಳಲ್ಲಿ ಇಷ್ಟು ಶಿಸ್ತನ್ನು ನಾನಂತೂ ಕಂಡಿಲ್ಲ!

ಆದರೂ ಇವುಗಳಿಗೆ ಕೆಟ್ಟ ಹೆಸರೇ. ಜೀವವಿರುವಾಗಲೇ ಬೇಟೆಯನ್ನು ಹರಿದು ತಿನ್ನುತ್ತವೆಂದು ಬ್ರಿಟಿಷ್ ಶಿಕಾರಿಗಳು ಜರೆದರು. ಕೊಂದವರಿಗೆ ಅನೇಕ ಕಡೆ ಬಹುಮಾನ ಸಲ್ಲುತ್ತಿತ್ತು. 1972ರ ವನ್ಯಜೀವಿ ಕಾಯಿದೆ ಬಂದ ಮೇಲೆ ರಕ್ಷಣೆ ದೊರೆಯಿತು. ಇಂದು ಜಗತ್ತಿನಲ್ಲಿ ಮರಿಹಾಕಬಲ್ಲ ಸೀಳುನಾಯಿಗಳು 1,000ದಿಂದ 2,200ರಷ್ಟು ಮಾತ್ರ ಉಳಿದಿವೆ ಎಂಬುದು ತಜ್ಞರ ಅಂದಾಜು.

ಕುಳೆಂನಿಂದ ಕ್ಯಾಸಲ್‌ರಾಕ್ ಕಡೆಗೆ ಎರಡನೆಯ ರೈಲುಹಳಿ ಹಾಕಲು ಸಿಕ್ಕಿದ್ದ ವನ್ಯಜೀವಿ ಮಂಡಳಿಯ ಒಪ್ಪಿಗೆಯನ್ನು 2022ರ ಮೇ ತಿಂಗಳಲ್ಲಿ ಸರ್ವೋಚ್ಚ ನ್ಯಾಯಾಲಯವು ರದ್ದುಪಡಿಸಿದುದನ್ನು ವಾಚಕರು ಬಲ್ಲರು. ಅದು ದೊಡ್ಡವರ ವ್ಯವಹಾರವಾಯಿತು. ನಮ್ಮ ಹಿತ್ತಿಲಿಗೆ ಸೇರಿದ್ದು ಬೇರೊಂದಿದೆ. ಸಾಕುನಾಯಿಗಳ ಡಿಸ್ಟೆಂಪರ್, ಪಾರ್ವೋ, ರೇಬೀಸ್ ರೋಗಗಳು ಸೀಳುನಾಯಿಗಳಿಗೂ ತಗಲುತ್ತವೆ. ಒಂದೆಡೆ ಮಲಗಿ, ಮುಖ ನೆಕ್ಕಿ, ಬಾಯಿಂದ ಬಾಯಿಗೆ ಉಣಿಸುವ ಸಂಸಾರದಲ್ಲಿ ಒಂದಕ್ಕೆ ಬಂದ ರೋಗ ಇಡೀ ಬಳಗಕ್ಕೆ ಹಬ್ಬಬಹುದು. ಕಾಡಿನಂಚಿನಲ್ಲಿ ನಾಯಿ ಸಾಕಿರುವ ಕನ್ನಡ ಕುಟುಂಬಗಳು ಇಲ್ಲಿ ಕಡಿಮೆಯೇನಿಲ್ಲ. ಅವಕ್ಕೆ ಲಸಿಕೆ ಹಾಕಿಸುವವರು ಎಷ್ಟು ಮಂದಿ?

ಆ ಹುಡುಗಿಯ ಮನೆಯಲ್ಲಿಯೂ ಒಂದು ನಾಯಿಯಿದೆ. ಕಳೆದ ವಾರ ಅದನ್ನು ತಂದೆಯೊಡನೆ ಪಶುವೈದ್ಯರ ಬಳಿಗೆ ಎಳೆದುಕೊಂಡು ಹೋಗಿದ್ದಳಂತೆ.