ಗಣಿ ದಾವೆಗಳಲ್ಲಿ ಮೂರನೆಯವರು: ಒಂದು ಜಾನಪದೀಯ ವಿವೇಚನೆ

ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನಬಾಗೇವಾಡಿ ಭಾಗದ ಆಡುಮಾತಿನಲ್ಲಿ ‘ದೈವ’ ಎಂಬ ಪದಕ್ಕೆ ದೇವರು ಎಂಬುದರ ಜೊತೆಗೆ ಇನ್ನೊಂದು ಅರ್ಥವಿದೆ. ಕೂಡಿದ ಜನಸಮೂಹವೇ ದೈವ. ಗೀಗೀ ಮೇಳದವರು ಹಾಡಿಗೆ ಮುನ್ನ ಶರಣು ಹೇಳುವುದು ಈ ದೈವಕ್ಕೆ. ಊರಿನ ನ್ಯಾಯ ತೀರ್ಮಾನಕ್ಕೆ ಕೂಡುವುದೂ ಈ ದೈವವೇ. ರೇವಣಸಿದ್ಧೇಶ್ವರನ ಕ್ಷೇತ್ರವಾದ ಹೊರ್ತಿಯಂಥ ಊರಿನಲ್ಲಿ ಇಬ್ಬರ ಹೊಲದ ಬದುವಿನ ತಂಟೆ ದೈವದ ಮುಂದೆ ಬಂದಾಗ, ಆ ಬದುವಿನ ಮೇಲೆ ನಡೆದಾಡುವವನು, ಅದರ ನೀರು ಹರಿದು ಬರುವ ಕೆಳಗಿನ ಹೊಲದವನು ಮೊದಲೇ ಅಲ್ಲಿ ಕುಳಿತಿರುತ್ತಾನೆ. ಅವನನ್ನು ವ್ಯಾಜ್ಯಕ್ಕೆ ಸೇರಿಸಿಕೊಳ್ಳಬೇಕೇ ಎಂಬ ಪ್ರಶ್ನೆಯೇ ಏಳುವುದಿಲ್ಲ.

ಹೊರ್ತಿಯ ಸುತ್ತ ಹೇಳಿಕೊಳ್ಳುವಂಥ ಕಾಡಿಲ್ಲ, ಕಬ್ಬಿಣದ ಅದಿರೂ ಇಲ್ಲ. ಆದರೂ ಅರಣ್ಯದೊಳಗಿನ ಗಣಿಗಾರಿಕೆಯ ದಾವೆಗಳಲ್ಲಿ ಮೂರನೆಯವರ ಸ್ಥಾನವೇನು ಎಂಬುದನ್ನು ತಿಳಿಯಲು ಈ ಪದ ನೆರವಾಗುತ್ತದೆ.

ನ್ಯಾಯಾಲಯದ ಕ್ರಮ ಬೇರೆ. ಅಲ್ಲಿ ಮೊದಲು ಇಬ್ಬರು, ಆಮೇಲೆ ಉಳಿದವರು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 1ನೆಯ ಆದೇಶದ 10ನೆಯ ನಿಯಮದ ಪ್ರಕಾರ, ಯಾರ ಹಾಜರಿಯಿಲ್ಲದೆ ವ್ಯಾಜ್ಯವನ್ನು ಪೂರ್ಣವಾಗಿ ಇತ್ಯರ್ಥಪಡಿಸಲಾಗದೋ ಅಂಥವರನ್ನು ನ್ಯಾಯಾಲಯವು ಪಕ್ಷಕಾರರನ್ನಾಗಿ ಸೇರಿಸಬಹುದು. ಪಕ್ಷಕಾರನಾದವನಿಗೆ ತೀರ್ಪು ಬದ್ಧವಾಗುತ್ತದೆ, ಮೇಲ್ಮನವಿಯ ದಾರಿಯೂ ತೆರೆಯುತ್ತದೆ. ಮಧ್ಯಪ್ರವೇಶಿಸಿದವನಿಗಾದರೋ ಸಾಮಾನ್ಯವಾಗಿ ತನ್ನ ಮಾತನ್ನು ಕೇಳಿಸುವ ಅವಕಾಶವಷ್ಟೆ.

ಅರಣ್ಯ ವ್ಯಾಜ್ಯಗಳಲ್ಲಿ ಈ ಬಾಗಿಲು ಅಗಲವಾದುದು ಗೋದಾವರ್ಮನ್ ತಿರುಮುಲ್ಪಾಡ್ ಪ್ರಕರಣದಿಂದ. ನೀಲಗಿರಿಯ ಗೂಡಲೂರು ಭಾಗದ ಮರ ಕಡಿತದ ಬಗ್ಗೆ 1995ರಲ್ಲಿ ಸಲ್ಲಿಸಿದ ಆ ಅರ್ಜಿಯನ್ನು ಸರ್ವೋಚ್ಚ ನ್ಯಾಯಾಲಯವು 1996ರ ಡಿಸೆಂಬರ್ 12ರ ಆದೇಶದಿಂದ ಇಡೀ ದೇಶದ ಅರಣ್ಯಗಳಿಗೆ ವಿಸ್ತರಿಸಿತು. ಮುಂದೆ ಅದರೊಳಗೆ ಮಧ್ಯಂತರ ಅರ್ಜಿಗಳು ಸಾವಿರಗಟ್ಟಲೆ ಸೇರಿಕೊಂಡವು. ಕೊಡಗಿನ ನಿವೃತ್ತ ವಲಯ ಅರಣ್ಯಾಧಿಕಾರಿ ಕೆ.ಎಂ. ಚಿಣ್ಣಪ್ಪನವರು 2001ರಲ್ಲಿ ಸಲ್ಲಿಸಿದ 670ನೆಯ ಅರ್ಜಿ ಅವುಗಳಲ್ಲೊಂದು. ಕುದುರೆಮುಖದಲ್ಲಿ ಚಿಣ್ಣಪ್ಪನವರಿಗೆ ಹೊಲವಿರಲಿಲ್ಲ, ಗುತ್ತಿಗೆಯಿರಲಿಲ್ಲ. ಆದರೂ 2002ರ ಅಕ್ಟೋಬರ್ 30ರ ತೀರ್ಪು ಬಂದುದು ಆ ಅರ್ಜಿಯ ಮೇಲೆಯೇ. 2005ರ ಕೊನೆಗೆ ಅಲ್ಲಿನ ಗಣಿಗಾರಿಕೆ ನಿಂತಿತು. ಅನ್ಯರ ವ್ಯಾಜ್ಯದೊಳಗೆ ಮೂರನೆಯವನಾಗಿ ಪ್ರವೇಶಿಸಿದವನು ಒಂದು ನದಿಯ ಉಗಮಪ್ರದೇಶದ ಗತಿಯನ್ನು ಬದಲಿಸಿದ ಇಂಥ ನಿದರ್ಶನ ವಿರಳ.

ಬಳ್ಳಾರಿಯ ಪ್ರಕರಣದಲ್ಲಿ ಇದು ತಿರುಗುಮುರುಗಾಯಿತು. 2009ರಲ್ಲಿ ಎಸ್.ಆರ್. ಹಿರೇಮಠರ ಸಮಾಜ ಪರಿವರ್ತನ ಸಮುದಾಯವು ಸರ್ವೋಚ್ಚ ನ್ಯಾಯಾಲಯದಲ್ಲಿ ತಾನೇ ಅರ್ಜಿದಾರನಾಯಿತು. ಗಣಿ ಗುತ್ತಿಗೆದಾರರು ತಮ್ಮ ಮಾತನ್ನೂ ಕೇಳಬೇಕೆಂದು ಅರ್ಜಿ ಹಿಡಿದು ಬಂದರು. 2013ರ ಏಪ್ರಿಲ್ 18ರ ತೀರ್ಪು ಗುತ್ತಿಗೆಗಳನ್ನು ಅ, ಬ, ಕ ಎಂದು ಮೂರು ವರ್ಗ ಮಾಡಿದ ವರದಿಯನ್ನು ಒಪ್ಪಿ, ಕೊನೆಯ ವರ್ಗದವನ್ನು ರದ್ದುಪಡಿಸಿತು. ಗುತ್ತಿಗೆಯ ಗಡಿ, ಅತಿಕ್ರಮಣದ ಪ್ರಮಾಣ, ಪುನಶ್ಚೇತನದ ವೆಚ್ಚ ಎಲ್ಲವೂ ಅಲ್ಲಿ ಅಳತೆಗೆ ಬಂದವು. ಸಂಡೂರಿನ ಬೆಟ್ಟಸಾಲು ಕುಮಾರಸ್ವಾಮಿಯ ನೆಲೆಯೂ ಹೌದು ಎಂಬುದು ಆ ಅಳತೆಗೆ ಸಿಗುವ ಸಂಗತಿಯಾಗಿರಲಿಲ್ಲ.

ಅದೇ ದಿನ, ಅದೇ ನ್ಯಾಯಪೀಠವು ಒಡಿಶಾದ ನಿಯಮಗಿರಿಯ ಬಗ್ಗೆಯೂ ತೀರ್ಪಿತ್ತಿತು. ವ್ಯಾಜ್ಯವಿದ್ದುದು ಒಡಿಶಾ ಗಣಿ ನಿಗಮ ಮತ್ತು ಕೇಂದ್ರದ ಪರಿಸರ ಸಚಿವಾಲಯದ ನಡುವೆ. ಆದರೆ ಡೋಂಗ್ರಿಯ ಕೊಂಧರು ನಿಯಮರಾಜನನ್ನು ಪೂಜಿಸುವ ಹಕ್ಕಿಗೆ ಗಣಿಯಿಂದ ಧಕ್ಕೆಯಾಗುವುದೇ ಎಂಬುದನ್ನು ಗ್ರಾಮಸಭೆಗಳು ಪರಿಶೀಲಿಸಲಿ ಎಂದು ನ್ಯಾಯಾಲಯ ಹೇಳಿತು. ಆ ವರ್ಷದ ಜುಲೈ, ಆಗಸ್ಟ್‌ನಲ್ಲಿ ಕೂಡಿದ 12 ಗ್ರಾಮಸಭೆಗಳೂ ಗಣಿ ಬೇಡವೆಂದವು. ಮೂರನೆಯವರನ್ನು ನ್ಯಾಯಾಲಯಕ್ಕೆ ಕರೆಸುವ ಬದಲು ಪ್ರಶ್ನೆಯನ್ನೇ ಅವರಿದ್ದಲ್ಲಿಗೆ ಕಳುಹಿಸಿದ ಕ್ರಮವಿದು. ನಮ್ಮ ಭಾಗದ ಮಾತಿನಲ್ಲಿ, ದೈವ ಕೂಡಿಸಿದಂತೆ.

ಇಲ್ಲಿ ದೈವವನ್ನು ಆದರ್ಶವಾಗಿಸುವ ಇರಾದೆ ನನ್ನದಲ್ಲ. ಹೆಂಗಸರ ಮಾತಿಗೆ, ಕೇರಿಯವರ ಮಾತಿಗೆ ಅಲ್ಲಿ ಬೆಲೆ ದೊರೆತುದು ಕಡಿಮೆ. ಶಾಸನಬದ್ಧ ಗ್ರಾಮಸಭೆಯಲ್ಲಿ ಅವರ ಹಾಜರಿಗೆ ಕಾನೂನಿನ ಆಧಾರವಿದೆ, ದೈವದಲ್ಲಿರಲಿಲ್ಲ. ಈ ವ್ಯತ್ಯಾಸ ಸಣ್ಣದಲ್ಲ.

ನಿಯಮಗಿರಿಗೆ ಸಾಧ್ಯವಾದುದು ಸಂಡೂರಿಗೇಕೆ ಆಗಲಿಲ್ಲ? 2006ರ ಅರಣ್ಯ ಹಕ್ಕುಗಳ ಕಾಯಿದೆಯ ಅಡಿಯ ಹಕ್ಕುಗಳು ಅಲ್ಲಿ ವಿವಾದದ ಕೇಂದ್ರದಲ್ಲಿದ್ದವು, ಇಲ್ಲಿ ಇರಲಿಲ್ಲ. ಇದು ಮುಖ್ಯ ಕಾರಣ. ಆದರೆ ಜಾನಪದ ವಿದ್ವಾಂಸರಾದ ನಮ್ಮ ಪಾಲೂ ಇದೆ. ಆ ಕಾಯಿದೆಯಡಿ 2008ರ ಜನವರಿ 1ರಂದು ಪ್ರಕಟವಾದ ನಿಯಮಗಳ ಪೈಕಿ 13ನೆಯದು ಸಾಕ್ಷ್ಯಗಳ ಪಟ್ಟಿ ಕೊಡುತ್ತದೆ. ಹಿರಿಯರ ಬರೆದಿಟ್ಟ ಹೇಳಿಕೆಯ ಜೊತೆಗೆ, ಪ್ರತಿಷ್ಠಿತ ಸಂಸ್ಥೆಗಳು ಮಾಡಿದ ಆಚಾರ ಸಂಪ್ರದಾಯಗಳ ದಾಖಲಾತಿಯೂ ಅದರಲ್ಲಿ ಸೇರಿದೆ. ಅಂದರೆ ಕ್ಷೇತ್ರಕಾರ್ಯದ ಟಿಪ್ಪಣಿ ಕಾನೂನಿನ ಕಣ್ಣಿನಲ್ಲಿ ಪುರಾವೆಯಾಗಬಲ್ಲುದು. ಆದರೆ ನಮ್ಮ ಸಂಗ್ರಹಗಳನ್ನು ಲಾವಣಿ, ತ್ರಿಪದಿ, ಸೋಬಾನೆ ಎಂದು ಪ್ರಕಾರವಾರು ಜೋಡಿಸಿದ್ದೇವೆ. ಹಾಡಿದವರ ಊರು ಮುನ್ನುಡಿಯಲ್ಲೆಲ್ಲೋ ಇರುತ್ತದೆ. ಹಾಡಿನೊಳಗಿನ ಗುಡ್ಡ ಯಾವುದು, ಪಲ್ಲಕ್ಕಿ ಯಾವ ದಾರಿಯಲ್ಲಿ ಏರುತ್ತದೆ, ಹರಕೆಯ ಕುರಿ ಎಲ್ಲಿ ಮೇಯುತ್ತದೆ ಎಂಬುದನ್ನು ಬರೆದುಕೊಂಡವರು ಕಡಿಮೆ. ನನ್ನ ಸ್ವಂತ ಸಂಗ್ರಹದ ಸ್ಥಿತಿಯೂ ಇದೇ. ಒಂದು ಗ್ರಾಮಸಭೆಯವರು ನಾಳೆ ಬಂದು ತಮ್ಮ ಬೆಟ್ಟಕ್ಕೆ ಸಂಬಂಧಿಸಿದ ಪುಟಗಳನ್ನು ಕೇಳಿದರೆ, ತೆಗೆದುಕೊಡಲು ನನ್ನಲ್ಲಿ ಸ್ಥಳನಾಮಗಳ ಅಕಾರಾದಿಯೇ ಇಲ್ಲ.